ದಕ್ಷಿಣ ಸುಡಾನ್: ಸ್ವಾತಂತ್ರ್ಯದ ಎರಡೂವರೆ ವರ್ಷಕ್ಕೇ ಬಿರುಕು

2023ರ ಏಪ್ರಿಲ್ ತಿಂಗಳು. ರಾಜ್ಯದಲ್ಲಿ ವಿಧಾನಸಭಾ ಚುನಾವಣೆಯ ಕಾವು ಏರಿತ್ತು. ದಾವಣಗೆರೆಯಲ್ಲಿ ಯಾರ ಬಾಯಲ್ಲಿ ನೋಡಿದರೂ ಟಿಕೆಟ್ಟು, ಬಂಡಾಯ, ಗೆಲುವು, ಸೋಲಿನ ಮಾತೇ. ಅದರ ನಡುವೆ ಒಂದು ಸುದ್ದಿ ಬಂತು: ಜಿಲ್ಲೆಯ ಚನ್ನಗಿರಿ ತಾಲ್ಲೂಕಿನ ಕೆಲವು ಹಕ್ಕಿಪಿಕ್ಕಿ ಜನ ಆಫ್ರಿಕಾದ ಸುಡಾನ್ ದೇಶದಲ್ಲಿ ಸಿಕ್ಕಿಬಿದ್ದಿದ್ದಾರೆ. ಅವರ ಜೊತೆಗೆ ಶಿವಮೊಗ್ಗ ಮತ್ತು ಹುಣಸೂರು ಕಡೆಯವರೂ ಇದ್ದರು. ಮೊದಲು ಬಂದ ವರದಿಗಳ ಪ್ರಕಾರ ಒಟ್ಟು 31 ಮಂದಿ. ಇದ್ದದ್ದು ಅಲ್ ಫಾಶರ್ ಎಂಬ ಊರಿನಲ್ಲಿ. ಹೊರಗೆ ಗುಂಡಿನ ಸುರಿಮಳೆ. ಒಳಗೆ ಅನ್ನ ನೀರಿಗೂ ಪರದಾಟ.

ಹಕ್ಕಿಪಿಕ್ಕಿಯವರು ಹಿಂದೆ ಹಕ್ಕಿ ಹಿಡಿದು ಬದುಕಿದವರು. ವನ್ಯಜೀವಿ ಕಾಯ್ದೆ ಬಂದ ಮೇಲೆ ಆ ಕಸುಬು ನಿಂತಿತು. ಗಿಡಮೂಲಿಕೆ, ತಲೆಗೂದಲಿನ ಎಣ್ಣೆ ಮಾರುವುದು ಹೊಸ ಕಸುಬಾಯಿತು. ಸಂತೆಯಿಂದ ಸಂತೆಗೆ ಹೋಗುತ್ತಿದ್ದವರು ಕಡಲು ದಾಟಿ ಆಫ್ರಿಕಾದ ಪೇಟೆಗಳಿಗೂ ಹೋದರು. ಹಾಗೆ ಹೋದವರೇ ಇವರು. ಏಪ್ರಿಲ್ 15ರಂದು ಸುಡಾನಿನ ಸೇನೆಗೂ ಅರೆಸೇನಾ ಪಡೆಗೂ ಕಾಳಗ ಹತ್ತಿಕೊಂಡಿತು. ಭಾರತ ಸರ್ಕಾರ ‘ಆಪರೇಷನ್ ಕಾವೇರಿ’ ಆರಂಭಿಸಿತು. ಪೋರ್ಟ್ ಸುಡಾನ್ ಬಂದರಿನವರೆಗೆ ಬಸ್ಸು, ಅಲ್ಲಿಂದ ನೌಕಾಪಡೆಯ ಹಡಗು ಅಥವಾ ವಾಯುಪಡೆಯ ವಿಮಾನದಲ್ಲಿ ಜೆಡ್ಡಾ, ಜೆಡ್ಡಾದಿಂದ ತಾಯ್ನಾಡು. ಹೀಗೆ 3,800ಕ್ಕೂ ಹೆಚ್ಚು ಭಾರತೀಯರು ಪಾರಾಗಿ ಬಂದರು.

ಆ ದಿನಗಳಲ್ಲಿ ಭೂಪಟ ತೆರೆದು ನೋಡಿದ ತಂದೆ ತಾಯಂದಿರಿಗೆ ಅಚ್ಚರಿ ಕಾದಿತ್ತು. ಅವರು ಶಾಲೆಯಲ್ಲಿ ಓದಿದಾಗ ಸುಡಾನ್ ಎಂದರೆ ಆಫ್ರಿಕಾದ ಅತಿ ದೊಡ್ಡ ದೇಶ. ಮಕ್ಕಳ ಅಟ್ಲಾಸಿನಲ್ಲಿ ಅದು ಎರಡಾಗಿದೆ. ಕೆಳಗಿನ ತುಂಡಿನ ಹೆಸರು ದಕ್ಷಿಣ ಸುಡಾನ್. ಕರ್ನಾಟಕದ ಮೂರು ಪಟ್ಟಿಗೂ ಮಿಗಿಲಾದ ವಿಸ್ತೀರ್ಣ. 2011ರ ಜುಲೈ 14ರಂದು ವಿಶ್ವಸಂಸ್ಥೆಯ 193ನೇ ಸದಸ್ಯನಾಗಿ ಸೇರಿದ ರಾಷ್ಟ್ರ ಇದು. ಚನ್ನಗಿರಿಯವರು ಸಿಕ್ಕಿಕೊಂಡದ್ದು ಮೇಲಿನ ತುಂಡಿನಲ್ಲಿ. ಆದರೆ ಅದಕ್ಕೂ ಹತ್ತು ವರ್ಷ ಮೊದಲೇ ಕೆಳಗಿನ ತುಂಡು ಇಂಥದೇ ಬೆಂಕಿಯಲ್ಲಿ ಬೆಂದಿತ್ತು. ನೂರಕ್ಕೆ 98ಕ್ಕೂ ಹೆಚ್ಚು ಜನ ಒಮ್ಮತದಿಂದ ಬಯಸಿ ಪಡೆದ ದೇಶ ಎರಡೂವರೆ ವರ್ಷದಲ್ಲಿ ತನ್ನೊಳಗೇ ಹೊಡೆದಾಡಿಕೊಂಡದ್ದು ಹೇಗೆ?

ಹೊಳೆಯ ಗಡಿ, ಪರವಾನಗಿಯ ಗಡಿ

ಹರಿಹರದವರಿಗೆ ಗಡಿ ಎಂದರೇನೆಂದು ಹೇಳಿಕೊಡಬೇಕಾಗಿಲ್ಲ. ತುಂಗಭದ್ರೆಯ ಈಚೆ ದಡ ಮೈಸೂರು ಮಹಾರಾಜರ ಸೀಮೆ. ಆಚೆ ದಡದ ರಾಣೆಬೆನ್ನೂರು ತಾಲ್ಲೂಕು ಬ್ರಿಟಿಷರ ಮುಂಬಯಿ ಪ್ರಾಂತ್ಯ. ಎರಡೂ ಕಡೆ ಆಡುವುದು ಕನ್ನಡವೇ, ಕೊಟ್ಟು ತರುವ ಸಂಬಂಧಗಳೂ ಇದ್ದವು; ಆದರೆ ಕಾನೂನು ಬೇರೆ, ಕಚೇರಿ ಬೇರೆ. 1956ರ ನವೆಂಬರ್ 1ರಂದು ಆ ಗಡಿ ಅಳಿಸಿಹೋಯಿತು.

ಅದೇ 1956ರ ಜನವರಿ 1ರಂದು ಸುಡಾನ್ ಸ್ವತಂತ್ರವಾಯಿತು. ಅಲ್ಲಿಯೂ ಬ್ರಿಟಿಷರು ಎಳೆದ ಒಂದು ಒಳಗಡಿ ಇತ್ತು. ಉತ್ತರದಲ್ಲಿ ಅರಬ್ಬಿ ಭಾಷೆ, ಇಸ್ಲಾಂ ಧರ್ಮ, ಹತ್ತಿ ಬೆಳೆಯುವ ನೀರಾವರಿ ಜಮೀನು. 1925ರಲ್ಲಿ ಆರಂಭವಾದ ಗೆಜಿರಾ ಯೋಜನೆಯ ಹತ್ತಿ ಲ್ಯಾಂಕಾಶೈರಿನ ಗಿರಣಿಗಳಿಗೆ ಹೋಗುತ್ತಿತ್ತು. ಹತ್ತಿಯಿಂದಲೇ ಹೆಸರು ಮಾಡಿದ ದಾವಣಗೆರೆಯವರಿಗೆ ಅದರ ಮಹತ್ವ ಹೊಸದಲ್ಲ. ದಕ್ಷಿಣದಲ್ಲಿ ದನಗಾಹಿ ಡಿಂಕಾ, ನುಯೆರ್ ಮುಂತಾದ ಹತ್ತಾರು ಬುಡಕಟ್ಟುಗಳು. ಪೂರ್ವಿಕರ ದೇವರುಗಳು, ಜೊತೆಗೆ ಮಿಷನರಿಗಳು ತಂದ ಕ್ರೈಸ್ತಧರ್ಮ. 1922ರ ಕಾನೂನಿನಂತೆ ಪರವಾನಗಿಯಿಲ್ಲದೆ ಹೊರಗಿನವರು ದಕ್ಷಿಣಕ್ಕೆ ಕಾಲಿಡುವಂತಿರಲಿಲ್ಲ. ಉತ್ತರದಲ್ಲಿ ಶಾಲೆ, ರೈಲು, ಕಾಲೇಜು ಬಂದವು. ದಕ್ಷಿಣವನ್ನು ‘ಹೇಗಿದೆಯೋ ಹಾಗೇ ಇರಲಿ’ ಎಂದು ಬಿಟ್ಟರು. ಕೊನೆಗೆ ಹೊರಡುವ ಹೊತ್ತಿಗೆ ಎರಡನ್ನೂ ಒಂದೇ ಗಂಟಿನಲ್ಲಿ ಕಟ್ಟಿ ಹೋದರು.

ಬ್ರಿಟಿಷರು ಬಿಟ್ಟ ಸುಮಾರು 800 ಸರ್ಕಾರಿ ಹುದ್ದೆಗಳಲ್ಲಿ ದಕ್ಷಿಣದವರಿಗೆ ದಕ್ಕಿದ್ದು ಹತ್ತಕ್ಕಿಂತ ಕಡಿಮೆ. ಸ್ವಾತಂತ್ರ್ಯಕ್ಕೆ ನಾಲ್ಕೂವರೆ ತಿಂಗಳು ಮೊದಲೇ, 1955ರ ಆಗಸ್ಟಿನಲ್ಲಿ, ಟೊರಿಟ್ ಎಂಬ ಊರಿನಲ್ಲಿ ದಕ್ಷಿಣದ ಸೈನಿಕರು ದಂಗೆ ಎದ್ದರು. ಆ ಹೋರಾಟ ನಿಂತದ್ದು 1972ರಲ್ಲಿ, ಆಡಿಸ್ ಅಬಾಬಾ ಒಪ್ಪಂದದ ಮೂಲಕ. ದಕ್ಷಿಣಕ್ಕೆ ತನ್ನದೇ ಪ್ರಾಂತೀಯ ಸರ್ಕಾರ ಸಿಕ್ಕಿತು. ಹನ್ನೊಂದು ವರ್ಷ ಒಂದಿಷ್ಟು ನೆಮ್ಮದಿ.

ಅರ್ಧಕ್ಕೆ ನಿಂತ ನಾಲೆ

ಆ ನೆಮ್ಮದಿ ಕೆಡಿಸಿದ್ದು ಎರಡು ದ್ರವಗಳು: ನೀರು ಮತ್ತು ಎಣ್ಣೆ.

ಬಿಳಿ ನೈಲ್ ನದಿ ದಕ್ಷಿಣ ಸುಡಾನಿನಲ್ಲಿ ‘ಸುಡ್’ ಎಂಬ ಮಹಾ ಜವುಗಿನಲ್ಲಿ ಹರಡಿಕೊಳ್ಳುತ್ತದೆ. ಎಲ್ಲಿ ನೋಡಿದರೂ ಆಪು, ಜೊಂಡು, ತೇಲುವ ಹುಲ್ಲು. ಒಂದು ಲೋಟ ನೀರನ್ನು ಲೋಟದಲ್ಲೇ ಬಿಟ್ಟರೆ ಆರುವುದಕ್ಕೆ ದಿನಗಳೇ ಬೇಕು. ಅದನ್ನೇ ಅಗಲವಾದ ತಟ್ಟೆಗೆ ಸುರಿದರೆ ಬೇಗ ಆರಿಹೋಗುತ್ತದೆ. ಗಾಳಿ ಬಿಸಿಲಿಗೆ ಒಡ್ಡಿದ ಮೇಲ್ಮೈ ಹೆಚ್ಚಾದಷ್ಟೂ ಆವಿಯಾಗುವುದು ಹೆಚ್ಚು. ಸುಡ್ ಅಂಥದೊಂದು ತಟ್ಟೆ. ಒಳಗೆ ಬಂದ ನೈಲ್ ನೀರಿನಲ್ಲಿ ಸುಮಾರು ಅರ್ಧದಷ್ಟು ಅಲ್ಲೇ ಆವಿಯಾಗಿ ಹೋಗುತ್ತದೆ.

ಈ ನೀರನ್ನು ಉಳಿಸಲು ಜವುಗನ್ನು ಬಳಸಿಕೊಂಡು ಹೋಗುವ 360 ಕಿ.ಮೀ. ಉದ್ದದ ನಾಲೆ ತೋಡುವ ಯೋಜನೆಯೇ ಜೋಂಗ್ಲೆ ಕಾಲುವೆ. 1978ರಲ್ಲಿ ಕೆಲಸ ಆರಂಭವಾಯಿತು. ಹಿಂದೆ ಪಾಕಿಸ್ತಾನದಲ್ಲಿ ಚಶ್ಮಾ–ಝೇಲಂ ನಾಲೆ ತೋಡಿದ್ದ ದೈತ್ಯ ಯಂತ್ರವನ್ನೇ ಬಿಚ್ಚಿ ತಂದು ಇಲ್ಲಿ ಜೋಡಿಸಿದರು. ಲೆಕ್ಕ ಸರಿಯಾಗಿಯೇ ಇತ್ತು. ಆದರೆ ಉಳಿದ ನೀರು ಹೋಗುವುದು ಉತ್ತರ ಸುಡಾನ್ ಮತ್ತು ಈಜಿಪ್ಟಿಗೆ. ನೆರೆ ಇಳಿದ ಮೇಲೆ ಚಿಗುರುವ ಹುಲ್ಲನ್ನೇ ನಂಬಿದ್ದ ದನಗಾಹಿಗಳಿಗೆ ಸಿಗುವುದೇನು? ಭದ್ರಾ ನಾಲೆಯ ಕೊನೆ ಭಾಗದಲ್ಲಿ ನೀರಿಗಾಗಿ ಕಾದು ಕೂತ ರೈತರನ್ನು ಕಂಡ ದಾವಣಗೆರೆ, ಹರಿಹರದ ಮಂದಿಗೆ ಈ ಪ್ರಶ್ನೆ ಅರ್ಥವಾಗದೆ ಇರದು. ಅಮೆರಿಕದ ಅಯೋವಾದಲ್ಲಿ ಜೋಂಗ್ಲೆ ಪ್ರದೇಶದ ಅಭಿವೃದ್ಧಿಯ ಮೇಲೆಯೇ ಪ್ರಬಂಧ ಬರೆದು 1981ರಲ್ಲಿ ಡಾಕ್ಟರೇಟ್ ಪಡೆದ ಡಿಂಕಾ ಸೇನಾಧಿಕಾರಿಯೊಬ್ಬರಿದ್ದರು. ಹೆಸರು ಜಾನ್ ಗರಾಂಗ್.

ಅದೇ 1978ರಲ್ಲಿ ದಕ್ಷಿಣದ ಬೆಂಟಿಯು ಬಳಿ ಪೆಟ್ರೋಲಿಯಂ ಪತ್ತೆಯಾಯಿತು. ಅಲ್ಲಿಂದ ಖಾರ್ಟೂಮಿನ ಸರ್ಕಾರದ ದೃಷ್ಟಿಯೇ ಬದಲಾಯಿತು. 1983ರಲ್ಲಿ ಅಧ್ಯಕ್ಷ ನಿಮೇರಿ ದಕ್ಷಿಣ ಪ್ರಾಂತ್ಯವನ್ನು ಮೂರು ಹೋಳು ಮಾಡಿದರು. ಇಡೀ ದೇಶಕ್ಕೆ ಷರಿಯತ್ ಕಾನೂನು ಹೇರಿದರು. ಬೋರ್ ಊರಿನ ಸೈನಿಕರು ಬಂಡೆದ್ದರು. ಅವರನ್ನು ಅಡಗಿಸಬೇಕಾಗಿದ್ದ ಗರಾಂಗ್ ಅವರ ನಾಯಕರಾಗಿಬಿಟ್ಟರು! ಬಂಡುಕೋರರ ದಾಳಿಗೆ ನಾಲೆಯ ಕೆಲಸ ಸುಮಾರು 240 ಕಿ.ಮೀ. ಆಗಿದ್ದಾಗ ನಿಂತಿತು. ಯಂತ್ರ ಅಲ್ಲೇ ತುಕ್ಕು ಹಿಡಿಯಿತು.

ಈ ಎರಡನೇ ಯುದ್ಧ 22 ವರ್ಷ ನಡೆಯಿತು. ಗುಂಡಿಗೆ, ಹಸಿವಿಗೆ, ರೋಗಕ್ಕೆ ಸತ್ತವರು ಸುಮಾರು 20 ಲಕ್ಷ ಎಂಬ ಅಂದಾಜಿದೆ. ಹಳ್ಳಿ ಸುಟ್ಟಾಗ ದನ ಕಾಯಲು ಹೋಗಿದ್ದ ಹುಡುಗರು ಮನೆಗೆ ಮರಳಲಾಗದೆ ಗುಂಪು ಕಟ್ಟಿಕೊಂಡು ನಡೆದೇ ಇಥಿಯೋಪಿಯಾ ಸೇರಿದರು. ಅಲ್ಲಿಂದಲೂ ಅಟ್ಟಿಸಿಕೊಂಡು 1992ರಲ್ಲಿ ಕೀನ್ಯಾದ ಕಾಕುಮಾ ಶಿಬಿರಕ್ಕೆ ಬಂದರು. ಎಷ್ಟೋ ಮಕ್ಕಳಿಗೆ ಏಳೆಂಟು ವರ್ಷ, ಅಂದರೆ ನಮ್ಮಲ್ಲಿ ಎರಡನೇ ತರಗತಿಯ ವಯಸ್ಸು. ದಾರಿಯಲ್ಲಿ ನದಿಗೆ, ಸಿಂಹಕ್ಕೆ, ಬಾಯಾರಿಕೆಗೆ ಬಲಿಯಾದವರು ಹೋಗಿ, ಉಳಿದವರು ಶಿಬಿರದ ಮರದ ನೆರಳಲ್ಲಿ ನೆಲದ ಮೇಲೆ ಬೆರಳಿನಿಂದ ಅಕ್ಷರ ಬರೆದು ಕಲಿತರು.

ಮಡಿಸಿದ ಗಾಯ

ಇಷ್ಟಕ್ಕೂ ಆ 22 ವರ್ಷ ನಡೆದದ್ದು ಬರೀ ಉತ್ತರ–ದಕ್ಷಿಣದ ಯುದ್ಧವಲ್ಲ. ಈ ಮಾತನ್ನು ಸ್ವಾತಂತ್ರ್ಯೋತ್ಸವದ ಭಾಷಣಗಳಲ್ಲಿ ಯಾರೂ ಹೇಳಲಿಲ್ಲ. 1991ರಲ್ಲಿ ಬಂಡುಕೋರರ ಸೇನೆಯೇ ಒಡೆಯಿತು. ನುಯೆರ್ ಜನಾಂಗದ ರಿಯೆಕ್ ಮಚಾರ್ ಗರಾಂಗರಿಂದ ಸಿಡಿದು ಹೋದರು. ಆ ವರ್ಷ ಬೋರ್‌ನಲ್ಲಿ ಅವರ ಪಡೆಗಳು ಡಿಂಕಾ ಜನರ ಕಗ್ಗೊಲೆ ನಡೆಸಿದವು. ಮುಂದೆ ಮಚಾರ್ ಖಾರ್ಟೂಮಿನ ಜೊತೆಗೇ ಒಪ್ಪಂದ ಮಾಡಿಕೊಂಡರು. 2002ರಲ್ಲಿ ಮತ್ತೆ ಗರಾಂಗರ ಬಳಿಗೆ ಬಂದರು. ರಾಜಿಯೇನೋ ಆಯಿತು. ಗಾಯವನ್ನು ಮಡಿಸಿ ಪೆಟ್ಟಿಗೆಯಲ್ಲಿಟ್ಟರು, ಅಷ್ಟೆ.

2005ರ ಜನವರಿ 9ರ ಶಾಂತಿ ಒಪ್ಪಂದದಲ್ಲಿ ಆರು ವರ್ಷಗಳ ನಂತರ ದಕ್ಷಿಣದವರೇ ಮತ ಹಾಕಿ ತೀರ್ಮಾನಿಸಲಿ ಎಂದಾಯಿತು. ಒಪ್ಪಂದವಾದ ಏಳೇ ತಿಂಗಳಿಗೆ, ಜುಲೈ 30ರಂದು, ಗರಾಂಗ್ ಹೆಲಿಕಾಪ್ಟರ್ ಅಪಘಾತದಲ್ಲಿ ತೀರಿಕೊಂಡರು. ಅವರ ಜಾಗಕ್ಕೆ ಬಂದವರು ಸಾಲ್ವಾ ಕೀರ್. ಸದಾ ಕಪ್ಪು ಹ್ಯಾಟು ಧರಿಸುವ ಡಿಂಕಾ ಸೇನಾನಿ. ಮಚಾರ್ ಅವರಿಗೆ ಉಪಾಧ್ಯಕ್ಷ ಸ್ಥಾನ.

2011ರ ಜನವರಿಯ ಮತದಾನದ ಚೀಟಿಯಲ್ಲಿ ಓದು ಬಾರದವರಿಗೆಂದು ಎರಡು ಚಿತ್ರಗಳಿದ್ದವು. ಒಂದನ್ನೊಂದು ಹಿಡಿದ ಎರಡು ಕೈ ಎಂದರೆ ಐಕ್ಯ. ಎತ್ತಿದ ಒಂದೇ ಕೈ ಎಂದರೆ ಪ್ರತ್ಯೇಕ ದೇಶ. ಒಂಟಿ ಕೈಗೆ ಬಿದ್ದ ಮತ ಶೇ. 98.83. ಜುಲೈ 9ರಂದು ಜುಬಾ ನಗರದಲ್ಲಿ ಹೊಸ ಬಾವುಟ ಏರಿತು. ಭಾರತದ ಪರವಾಗಿ ಉಪರಾಷ್ಟ್ರಪತಿ ಹಮೀದ್ ಅನ್ಸಾರಿ ಸಮಾರಂಭಕ್ಕೆ ಹೋಗಿದ್ದರು. ಹೊಸ ದೇಶದ ಅಧಿಕೃತ ಭಾಷೆ ಇಂಗ್ಲಿಷ್. ಖಾರ್ಟೂಮಿನಲ್ಲಿ ಅರಬ್ಬಿಯಲ್ಲಿ ಓದಿ ಬಂದ ಮಕ್ಕಳು ಒಂದೇ ಬಾರಿಗೆ ಇಂಗ್ಲಿಷ್ ತರಗತಿಯಲ್ಲಿ ಕೂರಬೇಕಾಯಿತು. ಕನ್ನಡ ಮಾಧ್ಯಮದಲ್ಲಿ ಎಸ್.ಎಸ್.ಎಲ್.ಸಿ. ಮುಗಿಸಿ ಪಿ.ಯು.ಸಿ. ವಿಜ್ಞಾನಕ್ಕೆ ಸೇರಿದ ಮಕ್ಕಳಿಗೆ ಆ ಕಷ್ಟ ಗೊತ್ತು.

ಹಳೆಯ ಸುಡಾನಿನ ಎಣ್ಣೆಯಲ್ಲಿ ಸುಮಾರು ಮುಕ್ಕಾಲು ಪಾಲು ದಕ್ಷಿಣಕ್ಕೆ ಬಂತು. ಆ ಎಣ್ಣೆಗೂ ಕರ್ನಾಟಕಕ್ಕೂ ನಂಟಿದೆ: ಅಲ್ಲಿನ ಬಾವಿಗಳಲ್ಲಿ ಭಾರತದ ಸಾರ್ವಜನಿಕ ಸಂಸ್ಥೆ ಓ.ಎನ್.ಜಿ.ಸಿ. ವಿದೇಶ್ ಶೇ. 25ರ ಪಾಲು ಕೊಂಡ ಮೇಲೆ 2003ರಲ್ಲಿ ಮೊದಲ ಕಚ್ಚಾತೈಲ ಬಂದಿಳಿದದ್ದು ಮಂಗಳೂರಿಗೆ, ಎಂ.ಆರ್.ಪಿ.ಎಲ್. ಕಾರ್ಖಾನೆಗೆ. ಬಾವಿ ದಕ್ಷಿಣದ್ದಾದರೂ ಎಣ್ಣೆ ಸಾಗುವ ಕೊಳವೆ ಮಾತ್ರ ಉತ್ತರದ ಮೂಲಕ ಪೋರ್ಟ್ ಸುಡಾನಿಗೆ ಹೋಗುತ್ತದೆ. ಸಾಗಣೆ ಬಾಡಿಗೆಯ ಜಗಳದಲ್ಲಿ 2012ರ ಜನವರಿಯಲ್ಲಿ ದಕ್ಷಿಣ ತಾನೇ ಬಾವಿಗಳನ್ನು ಮುಚ್ಚಿತು. ಸರ್ಕಾರದ ಹೆಚ್ಚುಕಡಿಮೆ ಎಲ್ಲ ಆದಾಯವೂ ಎಣ್ಣೆಯದೇ. ಆ ಹಣದಿಂದಲೇ ಹಳೆಯ ಎದುರಾಳಿ ಪಡೆಗಳಿಗೆಲ್ಲ ಸಂಬಳ ಕೊಟ್ಟು ಸೇನೆಗೆ ಸೇರಿಸಿಕೊಂಡಿದ್ದರು. ಸಮವಸ್ತ್ರ ಒಂದೇ ಆಯಿತು; ತುಕಡಿಗಳ ನಿಷ್ಠೆ ಮಾತ್ರ ತಂತಮ್ಮ ನಾಯಕರಿಗೇ ಉಳಿಯಿತು. ಈಗ ಆ ಹಣವೂ ಬತ್ತಿತು.

2013ರ ಜುಲೈಯಲ್ಲಿ ಕೀರ್ ತಮ್ಮ ಉಪಾಧ್ಯಕ್ಷ ಮಚಾರ್ ಅವರನ್ನೂ ಇಡೀ ಮಂತ್ರಿಮಂಡಲವನ್ನೂ ವಜಾ ಮಾಡಿದರು. ಡಿಸೆಂಬರ್ 15ರ ರಾತ್ರಿ ಜುಬಾದಲ್ಲಿ ಅಧ್ಯಕ್ಷರ ಅಂಗರಕ್ಷಕ ಪಡೆಯ ಡಿಂಕಾ, ನುಯೆರ್ ಸೈನಿಕರೇ ಪರಸ್ಪರ ಗುಂಡು ಹಾರಿಸಿಕೊಂಡರು. ಮರುದಿನದಿಂದ ಜುಬಾದ ಮನೆ ಮನೆಗಳಲ್ಲಿ ನುಯೆರ್ ಜನರ ಬೇಟೆ. ವಾರ ಕಳೆಯುವುದರೊಳಗೆ ಬೇರೆ ಊರುಗಳಲ್ಲಿ ಡಿಂಕಾ ಜನರ ಮೇಲೆ ಸೇಡು. ಡಿಸೆಂಬರ್ 19ರಂದು ಅಕೋಬೊ ಎಂಬಲ್ಲಿನ ವಿಶ್ವಸಂಸ್ಥೆಯ ಶಿಬಿರಕ್ಕೆ ಸಶಸ್ತ್ರ ಯುವಕರು ನುಗ್ಗಿದರು. ಆಶ್ರಯ ಬೇಡಿ ಒಳಗಿದ್ದವರನ್ನು ಕಾಯುತ್ತಿದ್ದ ಇಬ್ಬರು ಭಾರತೀಯ ಯೋಧರು ಮಡಿದರು. ಅದೇ ವರ್ಷದ ಏಪ್ರಿಲಿನಲ್ಲಿ ಜೋಂಗ್ಲೆಯ ಹಾದಿಯಲ್ಲಿ ಹೊಂಚುದಾಳಿಗೆ ಐವರು ಭಾರತೀಯ ಯೋಧರು ಬಲಿಯಾಗಿದ್ದರು.

ಎರಡೂ ಕಡೆ ಹುಡುಗರ ಕೈಗೆ ಬಂದೂಕು ಬಂತು. 2015ರಲ್ಲಿ ಜೋಂಗ್ಲೆ ಸೀಮೆಯ ಒಂದೇ ಬಂಡುಕೋರ ಗುಂಪಿನಿಂದ ಯುನಿಸೆಫ್ ಬಿಡಿಸಿ ತಂದ ಮಕ್ಕಳ ಸಂಖ್ಯೆ 1,700ಕ್ಕೂ ಹೆಚ್ಚು. 2016ರ ಜುಲೈಯಲ್ಲಿ ಜುಬಾ ಮತ್ತೆ ಹೊತ್ತಿತು. 2017ರ ಫೆಬ್ರುವರಿಯಲ್ಲಿ ಎರಡು ಜಿಲ್ಲೆಗಳಲ್ಲಿ ಕ್ಷಾಮ ಘೋಷಣೆಯಾಯಿತು. ಅದು ಮಳೆ ಕೈಕೊಟ್ಟು ಬಂದ ಬರವಲ್ಲ, ಯುದ್ಧ ತಂದದ್ದು. 2018ರ ಹೊತ್ತಿಗೆ ಈ ಯುದ್ಧದಿಂದಾದ ಹೆಚ್ಚುವರಿ ಸಾವುಗಳು ಸುಮಾರು 3,83,000 ಎಂದು ಲಂಡನ್ನಿನ ಸಂಶೋಧಕರು ಅಂದಾಜಿಸಿದರು. ಅದೇ ವರ್ಷ ಒಪ್ಪಂದ, 2020ರಲ್ಲಿ ಕೂಡು ಸರ್ಕಾರ, ಮಚಾರ್ ಮತ್ತೆ ಉಪಾಧ್ಯಕ್ಷ. ಹೊಸ ದೇಶದ ಮೊದಲ ಚುನಾವಣೆ ಮಾತ್ರ ಮುಂದಕ್ಕೆ ಹೋಗುತ್ತಲೇ ಇತ್ತು. 2024ರ ಡಿಸೆಂಬರಿನಲ್ಲಿ ನಡೆಯಬೇಕಾಗಿದ್ದನ್ನು 2026ರ ಡಿಸೆಂಬರಿಗೆ ತಳ್ಳಲಾಯಿತು. 2025ರ ಮಾರ್ಚಿನಲ್ಲಿ ಮಚಾರ್ ಗೃಹಬಂಧನಕ್ಕೆ ಒಳಗಾದರು.

ಚನ್ನಗಿರಿಯವರು ಪ್ರಾಣ ಕೈಯಲ್ಲಿ ಹಿಡಿದು ಕೂತಿದ್ದ ಅಲ್ ಫಾಶರ್ ಒಂದೂವರೆ ವರ್ಷದ ಮುತ್ತಿಗೆಯ ನಂತರ 2025ರ ಅಕ್ಟೋಬರ್ 26ರಂದು ಅರೆಸೇನಾ ಪಡೆಯ ವಶವಾಯಿತು. ಅಲ್ಲಿದ್ದ ಭಾರತೀಯರಿಗೆ ಹಡಗು ಬಂದಿತ್ತು, ವಿಮಾನ ಬಂದಿತ್ತು. ಹಿಂದಿನ ಯುದ್ಧದಲ್ಲಿ ದಕ್ಷಿಣದಿಂದ ಓಡಿ ಖಾರ್ಟೂಮ್ ಸೇರಿ ಅಲ್ಲೇ ಸಂಸಾರ ಹೂಡಿದ್ದ ಲಕ್ಷಾಂತರ ಜನ 2023ರಿಂದೀಚೆಗೆ ಲಾರಿ ಹತ್ತಿ, ಕತ್ತೆಗಾಡಿ ಹತ್ತಿ, ನಡೆದು ರೆಂಕ್ ಎಂಬ ಗಡಿಯೂರಿಗೆ ಬಂದರು. 2011ರಲ್ಲಿ ಎಳೆದ ಗೆರೆಯನ್ನು ದಾಟಿ, ಬಹಳಷ್ಟು ಮಕ್ಕಳು ಅದುವರೆಗೆ ಕಂಡೇ ಇರದ ತಮ್ಮ ದೇಶದೊಳಕ್ಕೆ.