ಚಿಕಿತ್ಸೆಗೆ ಸರ್ಕಾರವಿದೆ, ದಾರಿಖರ್ಚಿಗೆ ಯಾರು?

ಗರ್ಭಕಂಠದ ಕ್ಯಾನ್ಸರ್‌ಗೆ ಕರೆಂಟ್ (ರೇಡಿಯೇಷನ್) ಕೊಡಿಸುವುದೆಂದರೆ ಸಾಮಾನ್ಯವಾಗಿ 25 ಸಿಟ್ಟಿಂಗ್. ಶನಿವಾರ, ಭಾನುವಾರ ಬಿಟ್ಟು ದಿನಕ್ಕೊಂದರಂತೆ 5 ವಾರ. ಒಂದೊಂದೂ ಕೆಲವೇ ನಿಮಿಷದ ಕೆಲಸ. ಹಾಸನದಿಂದ ಬೆಂಗಳೂರಿಗೆ ಸುಮಾರು 185 ಕಿ.ಮೀ.; ದಿನಾ ಹೋಗಿ ಬಂದರೆ 9,250 ಕಿ.ಮೀ. ಆಗುವ ಮಾತಲ್ಲ. ಹಾಗಾಗಿ ಬೆಂಗಳೂರಿನ ಕಿದ್ವಾಯಿ ಕ್ಯಾನ್ಸರ್ ಆಸ್ಪತ್ರೆಗೆ ಹೋದವರು ಅಲ್ಲೇ ಉಳಿಯಬೇಕು, ಜೊತೆಗೊಬ್ಬರು ಇರಲೇಬೇಕು.

ಬಿಪಿಎಲ್ ಕಾರ್ಡ್ ಇದ್ದರೆ ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದಡಿ ಕುಟುಂಬಕ್ಕೆ ವರ್ಷಕ್ಕೆ 5 ಲಕ್ಷ ರೂಪಾಯಿವರೆಗೆ ಚಿಕಿತ್ಸೆ ಸಿಗುತ್ತದೆ. ಇದು ದೊಡ್ಡ ಆಸರೆ. ಎಪಿಎಲ್‌ನವರಿಗೆ ಪ್ಯಾಕೇಜ್ ದರದ ಶೇ 30 ಮಾತ್ರ, ಅದೂ ವರ್ಷಕ್ಕೆ 1.5 ಲಕ್ಷ ಮೀರದಂತೆ. ಅಂದರೆ 1 ಲಕ್ಷದ ಪ್ಯಾಕೇಜ್‌ಗೆ 70 ಸಾವಿರ ಕೈಯಿಂದಲೇ ಹಾಕಬೇಕು.

ಜೊತೆಗೆ ಹೋದವರ ಕೂಲಿಯನ್ನು ಯಾವ ಪ್ಯಾಕೇಜೂ ಲೆಕ್ಕಕ್ಕೆ ಹಿಡಿಯುವುದಿಲ್ಲ. 2025-26ರ ನರೇಗಾ ದರ ದಿನಕ್ಕೆ 370 ರೂ. ವಾರಕ್ಕೆ 6 ದಿನದಂತೆ 5 ವಾರಕ್ಕೆ 11,100 ರೂ. ಹೋಯಿತು. ಹಾಸನ ಜಿಲ್ಲೆಯ ಅರಕಲಗೂಡು ಕಡೆ ಹೊಗೆಸೊಪ್ಪು ಬೇಯಿಸುವ ಕಾಲದಲ್ಲಿ ಕಾಯಿಲೆ ಬಂದರಂತೂ ಕಷ್ಟ ಇನ್ನೂ ಹೆಚ್ಚು. ಸೊಪ್ಪು ಬೇಯಿಸುವ ಬ್ಯಾರನ್‌ಗೆ ಬೆಂಕಿ ಹಾಕಿದ ಮೇಲೆ ಹಗಲೂ ರಾತ್ರಿ ಒಬ್ಬರು ಶಾಖ ನೋಡಿಕೊಳ್ಳಬೇಕು. ಆ ಒಬ್ಬರೇ ಆಸ್ಪತ್ರೆಯಲ್ಲಿದ್ದರೆ ವರ್ಷದ ಬೆಳೆಗೇ ಸಂಚಕಾರ.

ರೈಲಿನಲ್ಲಿ ಕ್ಯಾನ್ಸರ್ ರೋಗಿಗೆ ಸ್ಲೀಪರ್ ಪೂರ್ತಿ ಉಚಿತ, ಜೊತೆಗಾರರಿಗೆ ಶೇ 75 ರಿಯಾಯಿತಿ. ಸೆಕೆಂಡ್ ಕ್ಲಾಸ್‌ನಲ್ಲಿ ಇಬ್ಬರಿಗೂ ಶೇ 75. ಆಸ್ಪತ್ರೆಯಿಂದ ಪ್ರಮಾಣಪತ್ರ ಬರೆಸಿಕೊಳ್ಳುವುದನ್ನು ಮರೆಯಬಾರದು. ಹಾಸನ–ಬೆಂಗಳೂರು ನೇರ ಮಾರ್ಗ 2017ರಲ್ಲಿ ಪೂರ್ತಿಯಾದ ಮೇಲೆ ಚನ್ನರಾಯಪಟ್ಟಣದವರಿಗೆ ಊರಲ್ಲೇ ರೈಲು. ಹೊಳೆನರಸೀಪುರ ಮೈಸೂರು–ಹಾಸನ ಮಾರ್ಗದಲ್ಲಿದೆ. ಅರಕಲಗೂಡಿಗೆ ಮಾತ್ರ ರೈಲೇ ಇಲ್ಲ, ಬಸ್ಸೇ ಗತಿ. 2023ರ ಜೂನ್ 11ರಿಂದ ಶಕ್ತಿ ಯೋಜನೆಯಲ್ಲಿ ಹೆಂಗಸರಿಗೆ ಟಿಕೆಟ್ ದುಡ್ಡಿಲ್ಲ. ಬಾಯಿ ಕ್ಯಾನ್ಸರ್ ಆದ ಗಂಡಸಿಗೆ ಅದರಲ್ಲಿ ಪಾಲಿಲ್ಲ.

ಕಿಮೋ ಲೆಕ್ಕವೇ ಬೇರೆ. 3 ವಾರಕ್ಕೊಮ್ಮೆಯಂತೆ 6 ಸಲ ಎಂದರೆ ಹಾಸನದಿಂದ 2,220 ಕಿ.ಮೀ. ಓಡಾಟ. 2025ರ ಮೇನಲ್ಲಿ ರಾಜ್ಯದ 16 ಜಿಲ್ಲಾಸ್ಪತ್ರೆಗಳಲ್ಲಿ ಡೇ ಕೇರ್ ಕಿಮೋಥೆರಪಿ ಶುರುವಾದದ್ದು ಸರಿಯಾದ ಹೆಜ್ಜೆ. ಜಿಲ್ಲಾ ಕೇಂದ್ರದಲ್ಲೇ ಕಿಮೋ ಸಿಕ್ಕರೆ ಅರಕಲಗೂಡಿನವರ ಓಡಾಟ 360 ಕಿ.ಮೀ. ಆಸುಪಾಸಿಗೆ ಇಳಿಯುತ್ತದೆ, ಸಂಜೆಗೆ ಮನೆ ಸೇರಬಹುದು.

ಚಿಕಿತ್ಸೆಯಾಚೆಗಿನ ಖರ್ಚಿಗೆ ಸರ್ಕಾರ ಹಣ ಕೊಡುವುದು ಹೊಸದೇನಲ್ಲ. ಕ್ಷಯ ರೋಗಿಗೆ ಪೌಷ್ಟಿಕ ಆಹಾರಕ್ಕೆಂದು ತಿಂಗಳಿಗೆ 1,000 ರೂ. ನೇರವಾಗಿ ಖಾತೆಗೆ ಬರುತ್ತದೆ. ಕರೆಂಟ್ ಕೊಡಿಸುವ ಆ 5 ವಾರ, ಜೊತೆಗಾರರ ಊಟಕ್ಕೂ ಬಸ್ಸಿಗೂ ಅಷ್ಟನ್ನಾದರೂ ಸರ್ಕಾರ ಕೊಡಲಿ.