ತಂಬೂರಿಯೂ ಕಾಲವೂ

ನಾದಗಳ ಘರ್ಷಣೆಯಿಂದ ಕಾಲವನ್ನೇ ತಿರುಗಿಸಬಹುದೆಂಬುದು ಕಟ್ಟುಕಥೆ. ಕಾಲವನ್ನು ಎಣಿಸಬಹುದೆಂಬುದು ದಿಟ. ಚಾಮರಾಜಪೇಟೆಯಲ್ಲಿ ಶ್ರೀ ರಾಮಸೇವಾ ಮಂಡಳಿಯು 1939ರಲ್ಲಿ ಆರಂಭಿಸಿದ ರಾಮನವಮಿ ಸಂಗೀತೋತ್ಸವದ ಶ್ರೋತೃಗಳಿಗೆ ಇದರ ಅನುಭವ ಹೊಸತಲ್ಲ.

ತಂಬೂರಿಯ ನಡುವಣ ಎರಡು ತಂತಿಗಳು ಒಂದೇ ಷಡ್ಜದಲ್ಲಿ ನುಡಿಯಬೇಕು. ಒಂದು ಸೆಕೆಂಡಿಗೆ 140 ಬಾರಿಯೂ ಇನ್ನೊಂದು 142 ಬಾರಿಯೂ ಕಂಪಿಸಿದರೆ, ನಾದವು ಸೆಕೆಂಡಿಗೆ 2 ಸಲ ಏರಿ ಇಳಿಯುತ್ತದೆ. ಭೌತಶಾಸ್ತ್ರದಲ್ಲಿ ಇದನ್ನು ‘ಬೀಟ್’ ಎನ್ನುವರು. ಅಂತರವು ಅರ್ಧ ಕಂಪನಕ್ಕೆ ಇಳಿದರೆ ಒಂದು ಏರಿಳಿತಕ್ಕೆ 2 ಸೆಕೆಂಡು ಹಿಡಿಯುತ್ತದೆ. 140 ಕಂಪನಗಳನ್ನು ಎಣಿಸಲಾರದ ಕಿವಿಯು ಈ ಏರಿಳಿತವನ್ನು ಸುಲಭವಾಗಿ ಎಣಿಸುತ್ತದೆ.

ಅದು ಅಡಗುವವರೆಗೆ ವಿದ್ವಾಂಸರು ತಂತಿಯ ಮಣಿಯನ್ನು ಸರಿಸುತ್ತಾರೆ. ಇದನ್ನು ಕಾಲಹರಣವೆಂದು ಗೊಣಗುವುದು ತರವಲ್ಲ. ಅಂತರ ಕಿರಿದಾದಷ್ಟೂ ಅದನ್ನರಿಯಲು ಹೆಚ್ಚು ಹೊತ್ತು ಬೇಕು. ಇದು ಪ್ರಕೃತಿಯ ನಿಯಮ.