ಮಕೊಂಡೋ ಊರಿನ ಮರೆವಿನ ಕಾಯಿಲೆ

ಇಂಟರ್ನಲ್ಸ್ ಬಂತು ಅಂದ್ರೆ ಹಾಸ್ಟೆಲ್‌ನಲ್ಲಿ ನಾವು ಮಾಡೋ ಮೊದಲ ಕೆಲಸ ನೈಟ್‌ಔಟ್. ಎರಡು ರಾತ್ರಿ ನಿದ್ದೆ ಬಿಟ್ಟು ಎರಡು ಮಾಡ್ಯೂಲ್ ಮುಗಿಸಿರ್ತೀವಿ. ಬೆಳಗ್ಗೆ ಪ್ರಶ್ನೆಪತ್ರಿಕೆ ಕೈಗೆ ಬಂದಾಗ ರಾತ್ರಿ ಹತ್ತು ಸಲ ಓದಿದ ಡೆಫಿನಿಷನ್ನೇ ನೆನಪಾಗಲ್ಲ. ಇದೇ ಒಂದು ಅಂಟುರೋಗವಾಗಿ ಇಡೀ ಊರಿಗೆ ಹರಡಿದ್ರೆ ಹೇಗಿರುತ್ತೆ?

ಕೊಲಂಬಿಯಾದ ಲೇಖಕ ಗೇಬ್ರಿಯಲ್ ಗಾರ್ಸಿಯಾ ಮಾರ್ಕ್ವೆಜ್ 1967ರಲ್ಲಿ ಪ್ರಕಟವಾದ ‘ಒನ್ ಹಂಡ್ರೆಡ್ ಇಯರ್ಸ್ ಆಫ್ ಸಾಲಿಟ್ಯೂಡ್’ ಕಾದಂಬರಿಯಲ್ಲಿ ಇಂಥದ್ದೇ ಒಂದು ಕಾಯಿಲೆಯನ್ನು ಕಲ್ಪಿಸಿದ್ದಾರೆ. ಅವರಿಗೆ 1982ರಲ್ಲಿ ನೊಬೆಲ್ ಬಂತು. ಕಾಯಿಲೆ ಪೂರ್ತಿ ಕಾಲ್ಪನಿಕ. ಆದ್ರೂ ಅದರ ಬಗ್ಗೆ ಯಾಕೆ ಬರೀತಿದ್ದೀವಿ ಅನ್ನೋದನ್ನ ಕೊನೆಗೆ ಹೇಳ್ತೀವಿ.

ಕಾಯಿಲೆ ಹೇಗೆ ಬಂತು?

ಮಕೊಂಡೋ ಅನ್ನೋದು ಮಾರ್ಕ್ವೆಜ್ ಸೃಷ್ಟಿಸಿದ ಊರು. ಅದನ್ನು ಕಟ್ಟಿದವನು ಹೊಸೆ ಆರ್ಕಾದಿಯೋ ಬುವೆಂದಿಯಾ, ಅವನ ಹೆಂಡತಿ ಉರ್ಸುಲಾ. ಒಂದು ದಿನ ಅವರ ಮನೆಗೆ ರೆಬೆಕಾ ಅನ್ನೋ ಅನಾಥ ಹುಡುಗಿ ಬರ್ತಾಳೆ. ಅವಳ ಜೊತೆ ಒಂದು ಪುಟ್ಟ ತೂಗುಕುರ್ಚಿ, ಒಂದು ಚೀಲದಲ್ಲಿ ಅಪ್ಪ ಅಮ್ಮನ ಮೂಳೆಗಳು. ಒಂದು ರಾತ್ರಿ ಮನೆಕೆಲಸದ ವಿಸಿತಾಸಿಯೋನ್ ಎದ್ದು ನೋಡಿದ್ರೆ, ಹುಡುಗಿ ಬೆರಳು ಚೀಪುತ್ತಾ ಕೂತಿದ್ದಾಳೆ, ಕಣ್ಣು ಕತ್ತಲಲ್ಲಿ ಬೆಕ್ಕಿನ ಕಣ್ಣಿನ ಹಾಗೆ ಹೊಳೀತಿದೆ. ಅವಳಿಗೆ ತಕ್ಷಣ ಗೊತ್ತಾಗುತ್ತೆ. ಇದೇ ಕಾಯಿಲೆಗೆ ಹೆದರಿ ಅವಳೂ ಅವಳ ತಮ್ಮನೂ ತಮ್ಮ ರಾಜ್ಯವನ್ನೇ ಬಿಟ್ಟು ಬಂದವರು.

ಮನೆ ಯಜಮಾನ ನಗ್ತಾನೆ. ನಿದ್ದೆ ಇಲ್ಲದಿದ್ರೆ ಒಳ್ಳೇದೇ ಆಯ್ತು, ಇನ್ನಷ್ಟು ಕೆಲಸ ಮಾಡಬಹುದು ಅಂತ. (ನಾವಾಗಿದ್ರೂ ಅದನ್ನೇ ಹೇಳ್ತಿದ್ವಿ!) ಆದರೆ ನಿಜವಾದ ಅಪಾಯ ನಿದ್ದೆ ಬರದಿರೋದಲ್ಲ. ಮೈಗೆ ಸುಸ್ತೂ ಆಗಲ್ಲ. ಅಪಾಯ ಇರೋದು ನಂತರ ಬರೋ ಮರೆವಿನಲ್ಲಿ. ಮೊದಲು ಬಾಲ್ಯದ ನೆನಪು ಅಳಿಸಿಹೋಗುತ್ತೆ. ಆಮೇಲೆ ವಸ್ತುಗಳ ಹೆಸರು, ಅವು ಏನಕ್ಕೆ ಅನ್ನೋದು. ಆಮೇಲೆ ಜನರ ಗುರುತು. ಕೊನೆಗೆ ತಾನು ಯಾರು ಅನ್ನೋದೇ ಹೋಗಿಬಿಡುತ್ತೆ.

ಇದು ಬಾಯಿಯ ಮೂಲಕ ಮಾತ್ರ ಹರಡುತ್ತೆ. ಉರ್ಸುಲಾ ಪ್ರಾಣಿ ಆಕಾರದ ಸಕ್ಕರೆ ಮಿಠಾಯಿ ಮಾಡಿ ಮಾರ್ತಿದ್ದಳು. ನಮ್ಮ ಸಂಕ್ರಾಂತಿ ಸಕ್ಕರೆ ಅಚ್ಚು ನೆನಪಿಸಿಕೊಳ್ಳಿ. ಅದನ್ನ ಚೀಪಿದ ಊರಿಗೂರೇ ರಾತ್ರಿಯಿಡೀ ಎಚ್ಚರ. ಆಗ ಊರಿನವರು ಕ್ವಾರಂಟೈನ್ ಮಾಡ್ತಾರೆ. ಹೊರಗಿನವರು ಬಂದ್ರೆ ಕೈಯಲ್ಲಿ ಗಂಟೆ ಬಾರಿಸುತ್ತಾ ಓಡಾಡಬೇಕು, ಅಲ್ಲಿ ಏನನ್ನೂ ತಿನ್ನೋ ಹಾಗಿಲ್ಲ, ಕುಡಿಯೋ ಹಾಗಿಲ್ಲ.

ಲೇಬಲ್ ಅಂಟಿಸೋ ಉಪಾಯ

ಮಗ ಔರೆಲಿಯಾನೋಗೆ ಒಂದು ದಿನ ಲೋಹ ಬಡಿಯೋ ಪುಟ್ಟ ಅಡಿಗಲ್ಲಿನ ಹೆಸರು ನೆನಪಾಗಲ್ಲ. ಅಪ್ಪನ್ನ ಕೇಳಿ, ಚೀಟಿಯಲ್ಲಿ ಬರೆದು ಅದಕ್ಕೇ ಅಂಟಿಸ್ತಾನೆ. ಆಮೇಲೆ ಅಪ್ಪ ಶಾಯಿ, ಕುಂಚ ಹಿಡಿದು ಮೇಜು, ಕುರ್ಚಿ, ಗಡಿಯಾರ, ಬಾಗಿಲು, ಮೇಕೆ, ಬಾಳೆಗಿಡ, ಎಲ್ಲದರ ಮೇಲೂ ಹೆಸರು ಬರೀತಾನೆ. ಆದರೆ ಹೆಸರಿದ್ರೆ ಸಾಕಾ? ಅದು ಹಸು ಅಂತ ಗೊತ್ತಾದ್ರೂ ಹಸುವನ್ನ ಏನು ಮಾಡಬೇಕು ಅನ್ನೋದು ಮರೆತರೆ? ಹಾಗಾಗಿ ಹಸುವಿನ ಕುತ್ತಿಗೆಗೆ ಉದ್ದದ ಬೋರ್ಡು ಬೀಳುತ್ತೆ: ದಿನಾ ಹಾಲು ಕರೆಯಬೇಕು, ಹಾಲು ಕಾಯಿಸಬೇಕು, ಕಾಫಿಗೆ ಬೆರೆಸಬೇಕು ಅಂತೆಲ್ಲ.

ನಮ್ಮ ಭಾಷೆಯಲ್ಲಿ ಹೇಳೋದಾದ್ರೆ, ಮೊದಲು ವೇರಿಯಬಲ್‌ಗೆ ಹೆಸರು, ಆಮೇಲೆ ಫಂಕ್ಷನ್‌ಗೆ ಕಾಮೆಂಟು. ಆದರೆ ಓದೋಕೆ ಬೇಕಾದ ಅಕ್ಷರಗಳೇ ಮರೆತುಹೋದ ದಿನ ಯಾವ ಡಾಕ್ಯುಮೆಂಟೇಷನ್ನೂ ಉಪಯೋಗಕ್ಕೆ ಬರಲ್ಲ. ಊರಿನವರಿಗೂ ಇದು ಗೊತ್ತು. ಹಾಗಾಗಿ ಹೊಸೆ ಆರ್ಕಾದಿಯೋ ಒಂದು ನೆನಪಿನ ಯಂತ್ರ ಕಟ್ಟೋಕೆ ಹೊರಡ್ತಾನೆ. ಅದೊಂದು ತಿರುಗುವ ನಿಘಂಟು. ನಡುವೆ ಕೂತು ಹಿಡಿಕೆ ತಿರುಗಿಸಿದ್ರೆ ಬದುಕಿಗೆ ಬೇಕಾದ ವಿಷಯಗಳೆಲ್ಲ ಕಣ್ಣ ಮುಂದೆ ಹಾದುಹೋಗಬೇಕು. ಸುಮಾರು 14,000 ಚೀಟಿ ಬರೆದು ಮುಗಿಸೋ ಹೊತ್ತಿಗೆ ಹಳೇ ಗೆಳೆಯ ಮೆಲ್ಕಿಯಾದೆಸ್ ಬರ್ತಾನೆ, ಒಂದು ಔಷಧಿ ಕುಡಿಸ್ತಾನೆ, ನೆನಪೆಲ್ಲ ವಾಪಸ್ ಬರುತ್ತೆ.

ಇದರಲ್ಲಿ ನಿಜ ಎಷ್ಟು?

ನಿದ್ದೆಗೂ ನೆನಪಿಗೂ ಸಂಬಂಧ ಇರೋದು ನಿಜ. ಹಗಲು ಕಲಿತದ್ದನ್ನ ಮಿದುಳು ಗಟ್ಟಿ ಮಾಡಿಕೊಳ್ಳೋ ಕೆಲಸದಲ್ಲಿ ನಿದ್ದೆಯ ಪಾತ್ರ ದೊಡ್ಡದು. 1964ರ ಜನವರಿಯಲ್ಲಿ ಅಮೆರಿಕದ 17 ವರ್ಷದ ರ‍್ಯಾಂಡಿ ಗಾರ್ಡ್ನರ್ ಸುಮಾರು 11 ದಿನ ನಿದ್ದೆ ಮಾಡದೆ ದಾಖಲೆ ಮಾಡಿದ. ಆ ದಿನಗಳಲ್ಲಿ ಅವನ ಗಮನ, ನೆನಪು ಎರಡೂ ಕೈಕೊಟ್ಟಿದ್ದವು.

ಆದರೆ ನಿಜವಾದ ಮರೆವಿನ ಕಾಯಿಲೆ ಅಲ್ಜೈಮರ್ಸ್ ಸಾಮಾನ್ಯವಾಗಿ ಮಕೊಂಡೋಗೆ ಉಲ್ಟಾ ನಡೆಯುತ್ತೆ. ಹೊಸ ನೆನಪುಗಳನ್ನ ಕೂಡಿಡೋಕೆ ಬೇಕಾದ ಹಿಪ್ಪೊಕ್ಯಾಂಪಸ್ ಭಾಗ ಬೇಗ ಹಾಳಾಗೋದ್ರಿಂದ ಇವತ್ತಿನದು ಮೊದಲು ಹೋಗುತ್ತೆ, ಬಾಲ್ಯದ್ದು ತುಂಬಾ ದಿನ ಉಳಿಯುತ್ತೆ. ಮಾರ್ಕ್ವೆಜ್ ಅವರಿಗೂ ವಯಸ್ಸಾದ ಮೇಲೆ ಮರೆವಿನ ಕಾಯಿಲೆ ಬಂತು. 2012ರಲ್ಲಿ ಅವರ ತಮ್ಮ ಇದನ್ನ ಬಹಿರಂಗವಾಗಿ ಹೇಳಿದ್ರು. 2014ರಲ್ಲಿ ಅವರು ತೀರಿಕೊಂಡರು.

ನಮ್ಮ ಮನೆಯ ಲೇಬಲ್‌ಗಳು

ಈಗ ಕಾರಣ ಹೇಳ್ತೀವಿ. ಇದನ್ನ ಬರೀತಿರೋ ನಮ್ಮ ಮನೆಯಲ್ಲೂ ಅಜ್ಜಿಗೆ ಮರೆವು ಶುರುವಾಗಿದೆ. ಕಾಫಿ ಕುಡಿದು ಲೋಟ ಕೆಳಗಿಡೋ ಮುಂಚೆ “ಕಾಫಿ ಆಯ್ತೇನ್ರೋ?” ಅಂತ ಕೇಳ್ತಾರೆ. ಕಳೆದ ರಜೆಯಲ್ಲಿ ನಾವು ಮೊಮ್ಮಕ್ಕಳು ಸೇರಿ ಅಡುಗೆಮನೆ ಡಬ್ಬಗಳಿಗೆಲ್ಲ ಲೇಬಲ್ ಅಂಟಿಸಿದ್ವಿ. ಅಭ್ಯಾಸಬಲ, ಇಂಗ್ಲಿಷ್ ಅಕ್ಷರದಲ್ಲಿ ತೂರ್ ದಾಲ್, ಸಾಲ್ಟ್ ಅಂತ ಬರೆದುಬಿಟ್ವಿ. ಅಜ್ಜಿ ನೋಡಿ, “ಇದೇನ್ರೋ ಇದು, ಇರುವೆ ಹರಿದಾಡ್ದಂಗೆ?” ಅಂದ್ರು. ಅವರಿಗೆ ಓದೋಕೆ ಬರೋದು ಕನ್ನಡ ಮಾತ್ರ.

ಎಲ್ಲ ಕಿತ್ತು ಮತ್ತೆ ಕನ್ನಡದಲ್ಲಿ ಬರೆಯೋಕೆ ಕೂತ್ವಿ. ಆಗ ಗೊತ್ತಾಯ್ತು, ಅರ್ಧ ಸಾಮಾನಿನ ಹೆಸರು ನಮಗೇ ಗೊತ್ತಿಲ್ಲ. ನಮಗೆ ಎಲ್ಲವೂ ಸ್ಪೂನೇ. ಬೆಳಗಿನ ತಿಂಡಿ ಏನು ಅಂತ ನೆನಪಿಲ್ಲದ ಅಜ್ಜಿ ಒಂದೊಂದನ್ನೇ ಕೈಗೆತ್ತಿಕೊಂಡು ಹೇಳಿದ್ರು: ಸೌಟು, ಜಾಲರಿ, ಇಕ್ಕಳ, ಜರಡಿ, ಲಟ್ಟಣಿಗೆ. ಲಟ್ಟಣಿಗೆಯ ಒತ್ತಕ್ಷರ ಹೇಗೆ ಅಂತ ನೆಲದ ಮೇಲೆ ಬೆರಳಲ್ಲಿ ಬರೆದು ತೋರಿಸಿದವರೂ ಅವರೇ.

ಸ್ಟೌವ್ ಪಕ್ಕ ‘ಹಾಲು ಉಕ್ಕಿದ ಮೇಲೆ ಆಫ್ ಮಾಡಬೇಕು’ ಅಂತ ಒಂದು ಚೀಟಿ ಇದೆ. ಹೋದ ತಿಂಗಳು ಅಜ್ಜಿ ಅದನ್ನ ಜೋರಾಗಿ, ತಪ್ಪಿಲ್ಲದೆ ಓದಿದ್ರು. ಹಾಲು ಉಕ್ಕಿ ಚೆಲ್ಲುತ್ತಾ ಇತ್ತು, ಅವರು ನೋಡ್ತಾ ನಿಂತೇ ಇದ್ರು. ಕಾದಂಬರಿಯ ಹಸುವಿನ ಬೋರ್ಡು ನಮಗೆ ಅರ್ಥವಾಗಿದ್ದು ಅವತ್ತು.

ನಮ್ಮ ಮನೆಗೆ ಮೆಲ್ಕಿಯಾದೆಸ್ ಬರಲ್ಲ. ಡಾಕ್ಟರ್ ಕೊಡೋ ಮಾತ್ರೆ ಇದೆ, ಅದು ಹೋದ ನೆನಪನ್ನ ವಾಪಸ್ ತರಲ್ಲ. ಅಜ್ಜಿ ಒಬ್ಬರನ್ನೇ ಈಗ ಅಡುಗೆಮನೆಗೆ ಬಿಡಲ್ಲ. ಊರಿಗೆ ಹೋದಾಗ ನಾವು ಹತ್ತಿರ ಕೂತು ಅವರ ಚಿಕ್ಕಂದಿನ ಕಥೆ ಕೇಳಿ ಫೋನಲ್ಲಿ ರೆಕಾರ್ಡ್ ಮಾಡ್ತೀವಿ. ಒಂದೇ ಕಥೆ ನಾಲ್ಕು ಸಲ ಬರುತ್ತೆ, ನಾಲ್ಕೂ ಸಲ ರೆಕಾರ್ಡ್ ಮಾಡ್ತೀವಿ.

ನಿಮ್ಮ ಮನೆಯಲ್ಲೂ ಅಜ್ಜಿ ತಾತ ಇದ್ರೆ ಈ ರಜೆಯಲ್ಲಿ ಅಡುಗೆಮನೆಯ ಐದು ಸಾಮಾನಿನ ಹೆಸರು ಕೇಳಿ ಬರೆದಿಟ್ಟುಕೊಳ್ಳಿ, ಕನ್ನಡದಲ್ಲೇ. ಮತ್ತೆ ಇಂಟರ್ನಲ್ಸ್ ಹಿಂದಿನ ರಾತ್ರಿ ದಯವಿಟ್ಟು ಮಲಗಿ.